ಕುರ್ಚಿ ಸಿಕ್ಕ ಮೇಷ್ಟರಿಗೆ ಒಂದು ಕಿವಿಮಾತು

ರಾಜ್ಯಶಾಸ್ತ್ರ ಪಾಠ ಮಾಡುವ ನಿಮಗೆ ವುಡ್ರೋ ವಿಲ್ಸನ್ ಯಾರೆಂದು ನಾನು ಹೇಳಬೇಕಾಗಿಲ್ಲ. ಬಿ.ಎ. ನೋಟ್ಸಿನಿಂದ ಹಿಡಿದು ಕೆಎಎಸ್ ಪರೀಕ್ಷೆಯ ಗೈಡಿನವರೆಗೆ 'ಸಾರ್ವಜನಿಕ ಆಡಳಿತದ ಪಿತಾಮಹ, 1887' ಎಂಬ ಸಾಲು ಇದ್ದೇ ಇರುತ್ತದೆ. ನೀವೂ ಅದನ್ನು ವರ್ಷವರ್ಷ ಬೋರ್ಡಿನ ಮೇಲೆ ಬರೆದಿದ್ದೀರಿ. ಅಲ್ಲಿಂದ ಒಂದೇ ನೆಗೆತಕ್ಕೆ ಮೊದಲ ಮಹಾಯುದ್ಧ, ಹದಿನಾಲ್ಕು ಅಂಶಗಳು, ರಾಷ್ಟ್ರಸಂಘ. ನಡುವಿನ ಎಂಟು ವರ್ಷವನ್ನು ಮಾತ್ರ ಹಾರಿಸಿಬಿಡುತ್ತೀರಿ. 1902ರಿಂದ 1910ರವರೆಗೆ ಅವರು ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದ ಅಧ್ಯಕ್ಷರಾಗಿದ್ದರು. ನಮ್ಮ ಲೆಕ್ಕದಲ್ಲಿ ಕುಲಪತಿ ಅನ್ನಿ. ಸರ್ಕಾರ ಹೇಗೆ ನಡೆಯಬೇಕೆಂದು ಪುಸ್ತಕ ಬರೆದ ಮೇಷ್ಟರು ಒಂದು ವಿದ್ಯಾಸಂಸ್ಥೆಯನ್ನು ಹೇಗೆ ನಡೆಸಿದರು, ಎಲ್ಲಿ ಗೆದ್ದರು, ಎಲ್ಲಿ ಎಡವಿದರು ಎಂಬುದೆಲ್ಲ ಆ ಎಂಟು ವರ್ಷದಲ್ಲಿದೆ. ಈಗ ನಿಮ್ಮ ಕೈಗೂ ಚಾರ್ಜು ಬಂದಿದೆ. ವಿಭಾಗದ್ದಿರಲಿ, ಕಾಲೇಜಿನದ್ದಿರಲಿ, ನಾಳೆ ವಿಶ್ವವಿದ್ಯಾಲಯದ್ದೇ ಬರಲಿ, ಸಹಿ ಹಾಕುವ ಪೆನ್ನು ಕೈಗೆ ತೆಗೆದುಕೊಳ್ಳುವ ಮುಂಚೆ ನಾಲ್ಕು ಮಾತು ಕೇಳಿ. ಸ್ವಲ್ಪ ಗದರಿದರೆ ಬೇಸರ ಬೇಡ. ನಿಮ್ಮ ಒಳ್ಳೆಯದಕ್ಕೇ ಹೇಳುವುದು.

ವಿಲ್ಸನ್ ಹುಟ್ಟಿದ್ದು 1856ರ ಡಿಸೆಂಬರ್ 28ರಂದು, ವರ್ಜೀನಿಯಾದ ಸ್ಟಾಂಟನ್ ಊರಲ್ಲಿ. ತಂದೆ ಪಾದ್ರಿ. ಹುಡುಗನಿಗೆ ಒಂಬತ್ತು ಹತ್ತು ವರ್ಷವಾಗುವವರೆಗೂ ಸರಿಯಾಗಿ ಓದಲು ಬರುತ್ತಿರಲಿಲ್ಲ. ಎರಡನೇ ಕ್ಲಾಸಿನ ಮಗು ಅಕ್ಷರ ಕೂಡಿಸಿ ಓದುವುದಿಲ್ಲವೆಂದು ನೆರೆಹೊರೆಯವರ ಮುಂದೆ ಅಲವತ್ತುಕೊಳ್ಳುವ ತಾಯಂದಿರು ಇದನ್ನು ಕೇಳಿಸಿಕೊಳ್ಳಬೇಕು. ಅದೇ ಹುಡುಗ ಮುಂದೆ ಶಾರ್ಟ್‌ಹ್ಯಾಂಡ್ ಕಲಿತು ಜೀವನವಿಡೀ ಟಿಪ್ಪಣಿಗಳನ್ನು ಅದರಲ್ಲೇ ಬರೆದುಕೊಂಡ. 1879ರಲ್ಲಿ ಪ್ರಿನ್ಸ್‌ಟನ್ನಿನಿಂದ ಪದವಿ ಪಡೆದು, ಕಾನೂನು ಓದಿ, ಅಟ್ಲಾಂಟಾದಲ್ಲಿ ವಕೀಲಿಕೆಗೆ ಬೋರ್ಡು ಹಾಕಿದರು. ಕಕ್ಷಿದಾರರು ಬರಲಿಲ್ಲ, ಅವರ ಮನಸ್ಸೂ ಅಲ್ಲಿರಲಿಲ್ಲ. 1883ರಲ್ಲಿ ಬಾಲ್ಟಿಮೋರಿನ ಜಾನ್ಸ್ ಹಾಪ್ಕಿನ್ಸ್ ಸೇರಿ 1886ರಲ್ಲಿ ಪಿಎಚ್‌.ಡಿ. ಮುಗಿಸಿದರು. ಪಿಎಚ್‌.ಡಿ. ಪಡೆದ ಅಮೆರಿಕದ ಅಧ್ಯಕ್ಷರು ಇವತ್ತಿಗೂ ಅವರೊಬ್ಬರೇ. ಬ್ರಿನ್ ಮಾರ್ ಎಂಬ ಮಹಿಳಾ ಕಾಲೇಜು, ಆಮೇಲೆ ವೆಸ್ಲಿಯನ್, 1890ರಲ್ಲಿ ತಾವು ಓದಿದ ಪ್ರಿನ್ಸ್‌ಟನ್ನಿಗೇ ಪ್ರಾಧ್ಯಾಪಕರಾಗಿ ವಾಪಸು. ಕ್ಲಾಸೆಂದರೆ ಕಿಕ್ಕಿರಿದ ಕ್ಲಾಸು. ವಿದ್ಯಾರ್ಥಿಗಳು ವರ್ಷವರ್ಷವೂ ಅವರನ್ನೇ ಅಚ್ಚುಮೆಚ್ಚಿನ ಮೇಷ್ಟರೆಂದು ಆರಿಸುತ್ತಿದ್ದರು.

ಇಲ್ಲೇ ನನ್ನ ಮೊದಲ ಮಾತು. ಪ್ರಿನ್ಸ್‌ಟನ್ನಿನ ಅಧ್ಯಕ್ಷರಾದ ಮೇಲೂ ಅವರು ಪಾಠ ಬಿಡಲಿಲ್ಲ. ನೀವೋ, ಚಾರ್ಜು ಬಂದ ವಾರಕ್ಕೇ ಟೈಮ್‌ಟೇಬಲ್‌ನಿಂದ ಹೆಸರು ತೆಗೆಸಿ ಆ ಪೀರಿಯಡ್ಡನ್ನು ಅತಿಥಿ ಉಪನ್ಯಾಸಕರ ತಲೆಗೆ ಕಟ್ಟುತ್ತೀರಿ. ಹಾಗೆ ಮಾಡಬೇಡಿ. ವಾರಕ್ಕೆ ಎರಡಾದರೂ ಕ್ಲಾಸು ನಿಮ್ಮದಾಗಿರಲಿ. ಪ್ರೊಜೆಕ್ಟರು ಕೆಟ್ಟಿದ್ದು, ಬೆಂಚು ಮುರಿದಿದ್ದು, ಬಸ್ಸು ತಪ್ಪಿ ಹುಡುಗಿಯರು ಅರ್ಧ ಗಂಟೆ ತಡವಾಗಿ ಬರುವುದು ಯಾವ ಫೈಲಿನಲ್ಲೂ ನಿಮಗೆ ಸಿಗುವುದಿಲ್ಲ. ಅದು ಕ್ಲಾಸಿನಲ್ಲೇ ಸಿಗುವುದು.

ಇನ್ನೊಂದು ಸಂಗತಿ. ಅವರಿಗೆ ಹೆಸರು ತಂದ ಪುಸ್ತಕ 1885ರಲ್ಲಿ ಬಂತು. ವಿಷಯ ಅಮೆರಿಕದ ಕಾಂಗ್ರೆಸ್ಸು, ಅಲ್ಲಿನ ಸಮಿತಿಗಳು, ನಿಜವಾದ ಅಧಿಕಾರ ಯಾರ ಕೈಲಿದೆ ಎಂಬ ವಿಚಾರ. ಅದನ್ನವರು ಬಾಲ್ಟಿಮೋರಿನಲ್ಲಿ ಕುಳಿತು ಬರೆದರು. ರೈಲು ಹತ್ತಿದರೆ ವಾಷಿಂಗ್ಟನ್ ಅಲ್ಲೇ ಪಕ್ಕದಲ್ಲಿ. ಆದರೂ ಬರೆಯುವಾಗ ಒಮ್ಮೆಯೂ ಹೋಗಿ ಗ್ಯಾಲರಿಯಲ್ಲಿ ಕುಳಿತು ಸದನ ನಡೆಯುವುದನ್ನು ನೋಡಲಿಲ್ಲ. ಪುಸ್ತಕ ಒಳ್ಳೆಯದೇ, ಇವತ್ತಿಗೂ ಓದುತ್ತಾರೆ. ಆದರೆ ದೇಶ ಸುತ್ತು, ಕೋಶ ಓದು ಎಂದು ನಮ್ಮವರು ಎರಡನ್ನೂ ಜೋಡಿಸಿ ಹೇಳಿದ್ದಾರೆ. ಕೋಶ ಓದಿ ಎಲ್ಲವನ್ನೂ ತಿಳಿದುಕೊಳ್ಳಬಲ್ಲೆ ಎಂಬ ನಂಬಿಕೆ ಮೇಷ್ಟರಿಗೆ ಸಲೀಸಾಗಿ ಅಂಟಿಕೊಳ್ಳುತ್ತದೆ, ಆಡಳಿತಕ್ಕೆ ಬಂದ ಮೇಲೆ ಅದೇ ಮುಳ್ಳಾಗುತ್ತದೆ. ಚಾರ್ಜು ತೆಗೆದುಕೊಂಡ ಮೊದಲ ವಾರ ಛೇಂಬರಿನಲ್ಲಿ ಕೂರಬೇಡಿ. ಹಾಸ್ಟೆಲಿನ ಅಡುಗೆಮನೆ ನೋಡಿ, ಹೆಣ್ಣುಮಕ್ಕಳ ಶೌಚಾಲಯದಲ್ಲಿ ನೀರು ಬರುತ್ತದೆಯೇ ನೋಡಿ, ಲೈಬ್ರರಿಯಲ್ಲಿ ಅರ್ಧ ಗಂಟೆ ಕುಳಿತು ಯಾರು ಬರುತ್ತಾರೆ, ಏನು ಕೇಳುತ್ತಾರೆ ಗಮನಿಸಿ. ಜವಾನರ ಹೆಸರು ಕೇಳಿ ನೆನಪಿಟ್ಟುಕೊಳ್ಳಿ.

1902ರ ಜೂನ್‌ನಲ್ಲಿ ಹಿಂದಿನ ಅಧ್ಯಕ್ಷರು ರಾಜೀನಾಮೆ ಕೊಟ್ಟ ದಿನವೇ ಟ್ರಸ್ಟಿಗಳು ಒಮ್ಮತದಿಂದ ವಿಲ್ಸನ್ ಅವರನ್ನು ಆರಿಸಿದರು. ಅಲ್ಲಿಯವರೆಗೆ ಆ ಕುರ್ಚಿಯಲ್ಲಿ ಕುಳಿತವರೆಲ್ಲ ಪಾದ್ರಿಗಳು. ಪಾದ್ರಿಯಲ್ಲದ ಮೊದಲ ಅಧ್ಯಕ್ಷರು ಇವರೇ. ಬಂದವರೇ ಟ್ರಸ್ಟಿಗಳ ಮುಂದೆ 1 ಕೋಟಿ 25 ಲಕ್ಷ ಡಾಲರಿನ ಬೇಡಿಕೆ ಇಟ್ಟರು. ಆ ಕಾಲಕ್ಕೆ ಕಣ್ಣು ಕತ್ತಲೆ ಬರಿಸುವ ಮೊತ್ತ ಅದು. ಅದರಲ್ಲಿ ನನಗೆ ಮೆಚ್ಚುಗೆಯಾದದ್ದು, ಅವರು ಮೊದಲು ಕಮಾನು ಕಟ್ಟಿಸಲು ಹೋಗಲಿಲ್ಲ, ಮೇಷ್ಟರುಗಳನ್ನು ತರಲು ಹೋದರು. 1904ರಲ್ಲಿ ಪಠ್ಯಕ್ರಮವನ್ನು ತಿದ್ದಿದರು. ಮೊದಲೆರಡು ವರ್ಷ ಎಲ್ಲರಿಗೂ ಬೇಕಾದ ವಿಷಯ, ಕೊನೆಯೆರಡು ವರ್ಷ ಒಂದು ವಿಷಯದಲ್ಲಿ ಆಳ. 1905ರಲ್ಲಿ ಪ್ರಿಸೆಪ್ಟರ್ ಎಂಬ ಹೆಸರಿನಲ್ಲಿ ಸುಮಾರು ಐವತ್ತು ಮಂದಿ ಎಳೆಯ ವಿದ್ವಾಂಸರನ್ನು ಒಟ್ಟಿಗೆ ಕರೆತಂದರು. ಅಮೆರಿಕದ ಸಂವಿಧಾನದ ಮೇಲೆ ಮುಂದೆ ದೊಡ್ಡ ಹೆಸರು ಮಾಡಿದ ಎಡ್ವರ್ಡ್ ಕಾರ್ವಿನ್ ಅವರಲ್ಲೊಬ್ಬರು.

ಪ್ರಿಸೆಪ್ಟರ್ ಮಾಡುತ್ತಿದ್ದುದೇನೆಂದು ಕೇಳಿ, ಏಕೆಂದರೆ ಇದು ನೀವೂ ಮಾಡಬಹುದಾದದ್ದು. ದೊಡ್ಡ ಹಾಲಿನಲ್ಲಿ ಲೆಕ್ಚರು ನಡೆದೇ ನಡೆಯುತ್ತಿತ್ತು. ಅದರ ಜೊತೆಗೆ ನಾಲ್ಕೈದು ಹುಡುಗರು ಒಬ್ಬ ಮೇಷ್ಟರ ಕೋಣೆಗೆ ಹೋಗುವರು. ಓದಿ ಬಂದ ಪುಸ್ತಕ ಎಲ್ಲರ ಕೈಯಲ್ಲಿ. ಪಾಠ ಒಪ್ಪಿಸುವುದಿಲ್ಲ, ಪ್ರಶ್ನೆ ಕೇಳಿ ಅಂಕ ಹಾಕುವುದಿಲ್ಲ. ಆ ಪುಸ್ತಕದಲ್ಲಿ ಹೇಳಿದ್ದು ಸರಿಯೇ, ನಿನಗೇನನ್ನಿಸಿತು, ಯಾಕೆ ಹಾಗನ್ನಿಸಿತು ಎಂದು ಮೇಷ್ಟರೂ ಅವರ ಜೊತೆ ಕುಳಿತು ಮಾತಾಡುವುದು. ಅದುವರೆಗೆ ನೋಟ್ಸು ಬಾಯಿಪಾಠ ಮಾಡಿ ಪಾಸಾಗುತ್ತಿದ್ದ ಹುಡುಗರು ಲೈಬ್ರರಿಯ ದಾರಿ ಹಿಡಿದರು. ನೂರು ವರ್ಷ ಕಳೆದರೂ ಪ್ರಿನ್ಸ್‌ಟನ್ನಿನಲ್ಲಿ ಆ ಪದ್ಧತಿ ಉಳಿದಿದೆ. ನಿಮ್ಮಲ್ಲಿ ಐವತ್ತು ಮಂದಿಯನ್ನು ನೇಮಿಸಿಕೊಳ್ಳಲು ದುಡ್ಡಿಲ್ಲವೆಂದು ಗೊತ್ತು. ಇರುವ ನಾಲ್ವರಲ್ಲೇ ವಾರಕ್ಕೊಂದು ಸಂಜೆ ಮಾಡಿ ನೋಡಿ. ನೂರು ಪುಟದ ನ್ಯಾಕ್ ವರದಿ ತಯಾರಿಸುವಷ್ಟು ಕಷ್ಟವೇನೂ ಇದರಲ್ಲಿಲ್ಲ.

ಈ ಸುಧಾರಣೆಗಳು ಉಳಿದುಕೊಂಡದ್ದಕ್ಕೆ ಕಾರಣವೊಂದಿದೆ, ಅದನ್ನು ಗಟ್ಟಿಯಾಗಿ ಹಿಡಿದುಕೊಳ್ಳಿ. ಪಠ್ಯಕ್ರಮದ ಬದಲಾವಣೆ ಅಧ್ಯಾಪಕರ ಸಮಿತಿಯಲ್ಲಿ, ಅಧ್ಯಾಪಕರ ಸಭೆಯಲ್ಲಿ ಚರ್ಚೆಯಾಗಿ, ಅಲ್ಲಿ ತಿದ್ದಿಸಿಕೊಂಡು ಜಾರಿಗೆ ಬಂತು. ಅದು ತಮ್ಮದೇ ಕೆಲಸವೆಂದು ಅಧ್ಯಾಪಕರಿಗೆ ಅನ್ನಿಸಿತು. ಪ್ರಿಸೆಪ್ಟರುಗಳ ಸಂಬಳಕ್ಕೆ ಹಳೆ ವಿದ್ಯಾರ್ಥಿಗಳು ವರ್ಷವರ್ಷ ಹಣ ಎತ್ತಿಕೊಟ್ಟರು. ಎಲ್ಲರ ಕೈ ಬಿದ್ದ ಕೆಲಸವಾದ್ದರಿಂದ ಅದನ್ನು ಕೆಡವಲು ಯಾರಿಗೂ ಮನಸ್ಸಾಗಲಿಲ್ಲ.

ಆಮೇಲೆ ಆರೋಗ್ಯ ಕೈಕೊಟ್ಟಿತು. 1906ರ ಮೇ ತಿಂಗಳ ಒಂದು ಬೆಳಗ್ಗೆ ಎದ್ದರೆ ಎಡಗಣ್ಣು ಕಾಣಿಸದು. ರಕ್ತನಾಳ ಒಡೆದಿತ್ತು. ಇದಕ್ಕೆ ಹತ್ತು ವರ್ಷ ಮುಂಚೆ, 1896ರಲ್ಲಿ ಬಲಗೈ ಸ್ವಾಧೀನ ತಪ್ಪಿ ತಿಂಗಳುಗಟ್ಟಲೆ ಎಡಗೈಯಲ್ಲಿ ಬರೆದಿದ್ದರು. ಆಗಲೇ ಎಚ್ಚರವಾಗಬೇಕಿತ್ತು. ಈಗ ವೈದ್ಯರು ಕೆಲಸ ಬಿಡಿ ಎಂದರು. ಬೇಸಿಗೆಯನ್ನು ಇಂಗ್ಲೆಂಡಿನ ಸರೋವರಗಳ ನಾಡಿನಲ್ಲಿ ಕಳೆದು ಸುಧಾರಿಸಿಕೊಂಡು ಬಂದರು. ಬಂದವರಲ್ಲಿ ಹೊಸ ಅವಸರವೊಂದು ಕಾಣಿಸಿಕೊಂಡಿತು. ಕಾಲ ಕಡಿಮೆಯಿದೆ, ಆಗಬೇಕಾದದ್ದು ಈಗಲೇ ಆಗಲಿ ಎಂಬ ಹಟ. ನೀವು ಬಿಪಿ ಮಾತ್ರೆ ಮೇಜಿನ ಡ್ರಾಯರಿನಲ್ಲಿ ಮರೆತು ಬರುವವರು, ಮೀಟಿಂಗಿನ ನೆಪದಲ್ಲಿ ಊಟ ಮೂರು ಗಂಟೆಗೆ ತಳ್ಳುವವರು. ನಿಮಗೆ ಕೈಮುಗಿದು ಹೇಳುತ್ತೇನೆ, ವರ್ಷಕ್ಕೊಮ್ಮೆ ಕಣ್ಣು, ರಕ್ತದೊತ್ತಡ, ಸಕ್ಕರೆ ತೋರಿಸಿಕೊಳ್ಳಿ. ದೇಹ ಸೋತಾಗ ಮಾಡಿದ ನಿರ್ಧಾರಗಳಲ್ಲಿ ತಾಳ್ಮೆ ಇರುವುದಿಲ್ಲ. ದಣಿದ ದಿನ ಆದೇಶಕ್ಕೆ ಸಹಿ ಹಾಕಬೇಡಿ, ಮರುದಿನ ಬೆಳಗ್ಗೆ ಹಾಕಿ.

ಈಗ ಊಟದ ಕ್ಲಬ್ಬುಗಳ ವಿಚಾರಕ್ಕೆ ಬರೋಣ. ಊಟ ಬಲ್ಲವನಿಗೆ ರೋಗವಿಲ್ಲ, ಮಾತು ಬಲ್ಲವನಿಗೆ ಜಗಳವಿಲ್ಲ ಎಂಬ ಗಾದೆಯ ಎರಡೂ ತುದಿ ಈ ಕಥೆಯಲ್ಲಿದೆ. ಪ್ರಿನ್ಸ್‌ಟನ್ನಿನ ಪ್ರಾಸ್ಪೆಕ್ಟ್ ಅವೆನ್ಯೂ ಎಂಬ ಬೀದಿಯಲ್ಲಿ ಸಾಲಾಗಿ ಬಂಗಲೆಗಳು. ಕೊನೆಯೆರಡು ವರ್ಷದ ಹುಡುಗರು ಅಲ್ಲಿ ಊಟ ಮಾಡುತ್ತಿದ್ದರು. ಯಾರನ್ನು ಸೇರಿಸಿಕೊಳ್ಳಬೇಕೆಂದು ಕ್ಲಬ್ಬಿನವರೇ ಆರಿಸುವುದು. ಶ್ರೀಮಂತರ ಮಕ್ಕಳಿಗೆ, ದೊಡ್ಡ ಮನೆತನದವರಿಗೆ ಜಾಗ ಸಲೀಸು. ಆಯ್ಕೆಯಾಗದವನು ಎರಡು ವರ್ಷ ಯಾರೂ ಜೊತೆಗೆ ಕೂರಿಸಿಕೊಳ್ಳದವನಾಗಿ ಓಡಾಡಬೇಕು. ಎರಡನೇ ವರ್ಷದ ಹುಡುಗರ ಚಿಂತೆಯೆಲ್ಲ ಕ್ಲಬ್ಬಿನ ಕರೆ ಬರುತ್ತದೋ ಇಲ್ಲವೋ ಎಂಬುದೇ. ಪಂಕ್ತಿಭೇದದ ನೋವು ಏನೆಂದು ನಮ್ಮವರಿಗೆ ವಿವರಿಸಬೇಕೇ? ವಿಲ್ಸನ್ ಇದನ್ನು ತೆಗೆಯಬೇಕೆಂದರು. ಕ್ಯಾಂಪಸ್ಸನ್ನು ಅಂಗಳಗಳಾಗಿ ಮಾಡಿ, ಒಂದೊಂದರಲ್ಲಿ ನಾಲ್ಕೂ ವರ್ಷದ ಹುಡುಗರು, ಕೆಲವು ಮೇಷ್ಟರು ಒಟ್ಟಿಗೆ ಇದ್ದು, ಒಟ್ಟಿಗೆ ಉಂಡು, ಒಟ್ಟಿಗೆ ಓದಲಿ ಎಂಬುದು ಯೋಜನೆ. ಇದು ನೂರಕ್ಕೆ ನೂರು ಒಳ್ಳೆಯ ವಿಚಾರವೆಂದು ನನ್ನ ಅಭಿಪ್ರಾಯ.

ಆದರೆ ಹೇಗೆ ಮಾಡಿದರು ನೋಡಿ. 1906ರ ಡಿಸೆಂಬರ್‌ನಲ್ಲಿ ಟ್ರಸ್ಟಿಗಳ ಮುಂದಿಟ್ಟರು. 1907ರ ಜೂನ್‌ನಲ್ಲಿ ಟ್ರಸ್ಟಿಗಳು ತಾತ್ವಿಕವಾಗಿ ಒಪ್ಪಿದರು. ಅಧ್ಯಾಪಕರೊಡನೆ ಸಭೆಯಲ್ಲಿ ಚರ್ಚೆಯಿಲ್ಲ, ಹಳೆ ವಿದ್ಯಾರ್ಥಿಗಳಿಗೆ ಸುಳಿವಿಲ್ಲ, ಕ್ಲಬ್ಬಿನ ಹುಡುಗರನ್ನು ಕರೆದು ಒಂದು ಮಾತು ಕೇಳಿದ್ದಿಲ್ಲ. ಪದವಿ ಪ್ರದಾನದ ಹೊತ್ತಿಗೆ ಸುದ್ದಿ ಹೊರಬಿತ್ತು. ತಮ್ಮ ತಮ್ಮ ಕ್ಲಬ್ಬಿನ ಮೇಲೆ ಪ್ರಾಣವಿಟ್ಟುಕೊಂಡು ಊರೂರಿಂದ ಬಂದಿದ್ದ ಹಳೆ ವಿದ್ಯಾರ್ಥಿಗಳ ಕಿವಿಗೆ ಅದು ಆದೇಶದ ಹಾಗೆ ಕೇಳಿಸಿತು. ಬೇಸಿಗೆಯಿಡೀ ಪತ್ರಗಳ ಮಳೆ, ದೇಣಿಗೆ ನಿಲ್ಲಿಸುವ ಬೆದರಿಕೆ. ಅಕ್ಟೋಬರ್‌ನಲ್ಲಿ ಅದೇ ಟ್ರಸ್ಟಿಗಳು ಕೊಟ್ಟ ಒಪ್ಪಿಗೆಯನ್ನು ವಾಪಸು ಪಡೆದರು.

ನನ್ನ ಹೊಟ್ಟೆ ಉರಿಯುವುದು ಇಲ್ಲೇ. ನೀವು ಬೋರ್ಡಿನ ಮೇಲೆ ಬರೆಯುವ ಆ 1887ರ ಪ್ರಬಂಧವನ್ನು ಮೂಲದಲ್ಲಿ ಓದಿದ್ದೀರಾ? ಗೈಡಿನಲ್ಲಿರುವುದು 'ರಾಜಕೀಯ ಬೇರೆ, ಆಡಳಿತ ಬೇರೆ' ಎಂಬ ಒಂದೇ ಸಾಲು. ಅದೇ ಪ್ರಬಂಧದಲ್ಲಿ ವಿಲ್ಸನ್ ಇನ್ನೊಂದು ಮಾತು ಬಿಡಿಸಿ ಹೇಳುತ್ತಾರೆ. ಪ್ರಜೆಗಳ ಒಪ್ಪಿಗೆಯಿಂದ ನಡೆಯುವ ಕಡೆ ಏನನ್ನಾದರೂ ಬದಲಿಸಬೇಕೆನ್ನುವವನು ಮೊದಲು ಜನರಿಗೆ ಬದಲಾವಣೆ ಬೇಕು ಎನ್ನಿಸುವಂತೆ ಮಾಡಬೇಕು. ಆಮೇಲೆ ತನಗೆ ಬೇಕಾದ ಬದಲಾವಣೆಯೇ ಅದು ಎಂದು ಒಪ್ಪಿಸಬೇಕು. ಜನರನ್ನು ಮೊದಲು ಕಿವಿಗೊಡುವಂತೆ ಮಾಡಿ, ನಂತರ ಸರಿಯಾದದ್ದನ್ನು ಹೇಳಬೇಕು. ಮೂವತ್ತರ ಹರೆಯದಲ್ಲಿ ಇಷ್ಟು ಚೆನ್ನಾಗಿ ಬರೆದವರು ಐವತ್ತರಲ್ಲಿ ಕುರ್ಚಿಯ ಮೇಲೆ ಕುಳಿತು ಅದನ್ನೇ ಬಿಟ್ಟುಬಿಟ್ಟರು. ಸರಿಯಾದದ್ದು ಕೈಲಿತ್ತು. ಕಿವಿಗೊಡುವಂತೆ ಮಾಡುವ ಕೆಲಸವನ್ನು ಮಾಡಲಿಲ್ಲ.

ಮೇಷ್ಟರಾದವರು ಇದನ್ನು ಯಾಕೆ ಮರೆಯುತ್ತೀರಿ ಗೊತ್ತೇ? ಕ್ಲಾಸಿನಲ್ಲಿ ನೀವು ಹೇಳಿದ್ದೇ ಕೊನೆಯ ಮಾತು. ಬೆಲ್ಲು ಹೊಡೆದ ಮೇಲೆ ಯಾರೂ ಎದುರು ನಿಂತು ವಾದಿಸುವುದಿಲ್ಲ. ಅದೇ ರೂಢಿ ಛೇಂಬರಿಗೂ ಬರುತ್ತದೆ. ವಿಚಾರ ಸರಿಯಿದ್ದರೆ ಸಾಕು, ಎಲ್ಲರೂ ತಲೆದೂಗುತ್ತಾರೆ ಎಂದುಕೊಳ್ಳುತ್ತೀರಿ. ಸಂಜೆ ಐದಕ್ಕೆ ವಾಟ್ಸ್ಆ್ಯಪ್ ಗುಂಪಿನಲ್ಲಿ ಸುತ್ತೋಲೆ ಹಾಕಿ, ಬೆಳಗ್ಗೆ ಹತ್ತಕ್ಕೆ ಜಾರಿ ಅನ್ನುತ್ತೀರಿ. ಕಾರ್ಯಸೂಚಿಯಿಲ್ಲದೆ ಸಭೆ ಕರೆದು, ಅಲ್ಲಿ ನೀವೇ ಮುಕ್ಕಾಲು ಗಂಟೆ ಮಾತಾಡಿ, 'ಎಲ್ಲರೂ ಒಪ್ಪಿದ್ದಾರೆ' ಎಂದು ನಡಾವಳಿ ಬರೆಸುತ್ತೀರಿ. ಇದು ಸರಿಯಲ್ಲ. ದೊಡ್ಡ ಬದಲಾವಣೆ ಏನಾದರೂ ಮಾಡುವುದಿದ್ದರೆ ಅದರಿಂದ ಯಾರ ಊಟ, ಯಾರ ಸಮಯ, ಯಾರ ಜಾಗ ಅಲುಗಾಡುತ್ತದೋ ಅವರನ್ನು ಮೊದಲು ಕರೆಯಿರಿ. ಒಬ್ಬೊಬ್ಬರಾಗಿ ಕರೆದು ಕುರ್ಚಿ ಕೊಟ್ಟು ಮಾತಾಡಿಸಿ. ವಿರೋಧಿಸುವವರನ್ನು ಮೊದಲು, ಹೊಗಳುವವರನ್ನು ಆಮೇಲೆ. ಸಭೆಯ ನೋಟೀಸು ಒಂದು ವಾರ ಮುಂಚೆ ಹೋಗಲಿ, ಕಾಗದಗಳೂ ಅದರ ಜೊತೆಗೇ ಹೋಗಲಿ. ರಜೆಯಲ್ಲಿ, ಪರೀಕ್ಷೆಯ ನಡುವೆ, ಘಟಿಕೋತ್ಸವದ ಗಡಿಬಿಡಿಯಲ್ಲಿ ಹೊಸದೇನನ್ನೂ ಘೋಷಿಸಬೇಡಿ. ಆತುರಗಾರನಿಗೆ ಬುದ್ಧಿ ಮಟ್ಟ ಎಂದು ಹಿರಿಯರು ಸುಮ್ಮನೆ ಹೇಳಲಿಲ್ಲ.

ಈ ಜಗಳದಲ್ಲಿ ವಿಲ್ಸನ್ ಕಳೆದುಕೊಂಡದ್ದು ಯೋಜನೆಯೊಂದನ್ನೇ ಅಲ್ಲ. ಜಾನ್ ಹಿಬ್ಬನ್ ಎಂಬ ತರ್ಕಶಾಸ್ತ್ರದ ಪ್ರಾಧ್ಯಾಪಕರು ಅವರಿಗೆ ಜೀವದ ಗೆಳೆಯ. ದಿನ ಬೆಳಗಾದರೆ ಇವರ ಮನೆಗೆ ಅವರು, ಅವರ ಮನೆಗೆ ಇವರು. ಹಿಬ್ಬನ್ ಖಾಸಗಿಯಾಗಿ, ಈ ಯೋಜನೆ ನನಗೆ ಒಪ್ಪಿಗೆಯಿಲ್ಲ ಎಂದು ಮೊದಲೇ ಹೇಳಿದ್ದರು. ಸೆಪ್ಟೆಂಬರ್‌ನ ಅಧ್ಯಾಪಕರ ಸಭೆಯಲ್ಲಿ ಯೋಜನೆಯ ವಿರುದ್ಧದ ಗೊತ್ತುವಳಿಯನ್ನು ಅನುಮೋದಿಸಲು ಎದ್ದು ನಿಂತವರೂ ಅವರೇ. ಮತಕ್ಕೆ ಹಾಕಿದಾಗ ಬಹುಪಾಲು ಅಧ್ಯಾಪಕರು ವಿಲ್ಸನ್ ಪರವೇ ನಿಂತರು. ಆದರೂ ಆ ಗೆಳೆತನ ಮುರಿಯಿತು, ಮತ್ತೆ ಕೂಡಲೇ ಇಲ್ಲ. ಎದುರು ನಿಂತು ಇಲ್ಲ ಎನ್ನಬಲ್ಲ ಗೆಳೆಯ ಕುರ್ಚಿಯಲ್ಲಿರುವವರಿಗೆ ಸಿಗುವುದೇ ಅಪರೂಪ. ಸಭೆಯಲ್ಲಿ ನಿಮ್ಮ ವಿರುದ್ಧ ಕೈಯೆತ್ತಿದವರ ಮನೆಗೆ ಆ ಸಂಜೆಯೇ ಹೋಗಿ ಕಾಫಿ ಕುಡಿದು ಬನ್ನಿ. ಅವರ ಮಗಳ ಮದುವೆಗೆ ತಪ್ಪಿಸಬೇಡಿ. ವರ್ಗಾವಣೆ, ರಜೆ, ಬಡ್ತಿಯ ಕಾಗದದಲ್ಲಿ ಆ ಸಿಟ್ಟು ತೀರಿಸಿಕೊಳ್ಳುವುದಂತೂ ಖಂಡಿತ ಬೇಡ.

ವಿಲ್ಸನ್ ಅವರಿಗೆ ಎದುರಾದ ಇನ್ನೊಬ್ಬರು ಆಂಡ್ರ್ಯೂ ವೆಸ್ಟ್. ಸ್ನಾತಕೋತ್ತರ ವಿಭಾಗದ ಡೀನ್. ಇಬ್ಬರದೂ ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು ಎಂಬಂಥ ಸಂಬಂಧ. ಸ್ನಾತಕೋತ್ತರ ವಿದ್ಯಾರ್ಥಿಗಳ ವಸತಿ ಕ್ಯಾಂಪಸ್ಸಿನ ನಡುವೆಯೇ ಇರಲಿ, ಎಳೆಯ ಹುಡುಗರು ಓದುವವರನ್ನು ನೋಡಿ ಕಲಿಯಲಿ ಎಂದು ವಿಲ್ಸನ್. ದೂರದಲ್ಲಿ, ಗಾಲ್ಫ್ ಮೈದಾನದ ಹತ್ತಿರ, ಪ್ರಶಾಂತವಾಗಿರಲಿ ಎಂದು ವೆಸ್ಟ್. 1906ರಲ್ಲಿ ವೆಸ್ಟ್ ಅವರಿಗೆ ಎಂಐಟಿಯ ಅಧ್ಯಕ್ಷ ಪದವಿಯ ಕರೆ ಬಂದಿತ್ತು. ಹೋಗಬೇಡಿ, ನೀವಿಲ್ಲದೆ ನಡೆಯದು ಎಂದು ಟ್ರಸ್ಟಿಗಳ ಗೊತ್ತುವಳಿ ಬರೆದುಕೊಟ್ಟವರು ಸ್ವತಃ ವಿಲ್ಸನ್. ಮುಖದಾಕ್ಷಿಣ್ಯಕ್ಕೆ ಬರೆದ ಹೊಗಳಿಕೆ ಮುಂದೆ ಎದುರಾಳಿಯ ಕೈಗೆ ಕೋಲು ಕೊಟ್ಟಂತಾಯಿತು. ನೀವೂ ಬೀಳ್ಕೊಡುಗೆಗೆ, ಬಡ್ತಿಗೆ, ಪ್ರಶಸ್ತಿಗೆ ಬೇಕಾಬಿಟ್ಟಿ ಪ್ರಶಂಸಾಪತ್ರ ಬರೆಯುತ್ತೀರಲ್ಲ, ಯೋಚಿಸಿ ಬರೆಯಿರಿ.

ಅದಕ್ಕಿಂತ ದೊಡ್ಡ ಎಡವಟ್ಟು 1910ರ ಜನವರಿಯಲ್ಲಾಯಿತು. ಹಿಂದಿನ ವರ್ಷ ವಿಲಿಯಂ ಪ್ರಾಕ್ಟರ್ ಎಂಬ ಸಾಬೂನಿನ ಉದ್ಯಮಿ ಈ ವಸತಿಗೆಂದು 5 ಲಕ್ಷ ಡಾಲರ್ ಕೊಡುವುದಾಗಿ ಹೇಳಿದ್ದರು, ಕ್ಯಾಂಪಸ್ಸಿನ ನಡುವೆ ಬೇಡ ಎಂಬ ಷರತ್ತಿನ ಮೇಲೆ. ಟ್ರಸ್ಟಿಗಳ ಸಭೆ. ಅಲ್ಲಿಯವರೆಗೆ ಜಾಗವೇ ಮುಖ್ಯವೆಂದು ವಾದಿಸುತ್ತಿದ್ದ ವಿಲ್ಸನ್ ಅವತ್ತು ಎದ್ದು, ಜಾಗ ಮುಖ್ಯವಲ್ಲ, ಜಿಲ್ಲೆಯಲ್ಲಿ ಎಲ್ಲಿ ಕಟ್ಟಿದರೂ ನಡೆಸಬಹುದು, ವೆಸ್ಟ್ ಅವರ ಆದರ್ಶಗಳೇ ತಪ್ಪು ಎಂದರು. ಆಗ ಟ್ರಸ್ಟಿಯೊಬ್ಬರು ಒಂದು ಪುಸ್ತಿಕೆಯನ್ನು ತೆಗೆದರು. ವೆಸ್ಟ್ ತಮ್ಮ ಯೋಜನೆಯನ್ನೆಲ್ಲ ವಿವರಿಸಿ 1903ರಲ್ಲಿ ಅಚ್ಚು ಹಾಕಿಸಿದ್ದು. ಮೊದಲ ಪುಟಗಳಲ್ಲಿ ಮೆಚ್ಚಿ ಬರೆದ ಮುನ್ನುಡಿ, ಕೆಳಗೆ ವುಡ್ರೋ ವಿಲ್ಸನ್ ಎಂಬ ಹೆಸರು. ಆದರ್ಶ ತಪ್ಪಾಗಿದ್ದರೆ ಇದನ್ನು ಬರೆದದ್ದೇಕೆ ಎಂದು ಕೇಳಿದರು. ಪುಸ್ತಿಕೆಯನ್ನು ನೋಡದೆಯೇ ಮುನ್ನುಡಿ ಬರೆದೆ ಎಂಬ ಉತ್ತರ ಬಂತು. ಆ ಕೋಣೆಯಲ್ಲಿ ಅಲ್ಲಿಯವರೆಗೆ ಅವರ ಪರವಾಗಿದ್ದವರ ಮುಖವೂ ಬಾಡಿತು. ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು.

ಎಷ್ಟು ಫೈಲಿಗೆ ನೀವು ಓದದೆ ಸಹಿ ಹಾಕುತ್ತೀರಿ, ಹೇಳಿ. ಗುಮಾಸ್ತರು ಪುಟ ತಿರುವುತ್ತ ಹೋಗುತ್ತಾರೆ, ನೀವು ಫೋನಿನಲ್ಲಿ ಮಾತಾಡುತ್ತ ಗೀಚುತ್ತ ಹೋಗುತ್ತೀರಿ. ಯಾರದೋ ಕವನ ಸಂಕಲನಕ್ಕೆ ಬೆನ್ನುಡಿ, ಯಾರದೋ ವಿಚಾರಸಂಕಿರಣಕ್ಕೆ ಸಂದೇಶ, ಶಿಷ್ಯರು ಬರೆದುಕೊಟ್ಟದ್ದಕ್ಕೆ ನಿಮ್ಮ ಸಹಿ. ಇವತ್ತಿನಿಂದ ನಿಲ್ಲಿಸಿ. ಓದಲು ಸಮಯವಿಲ್ಲದಿದ್ದರೆ 'ನಾಳೆ ಬನ್ನಿ' ಅನ್ನಿ, ಯಾರೂ ನಿಮ್ಮನ್ನು ನುಂಗುವುದಿಲ್ಲ. ನಿಮ್ಮ ಆಕ್ಷೇಪಣೆ ಏನೆಂಬುದನ್ನು ಮೊದಲ ದಿನವೇ ಲಿಖಿತವಾಗಿ ಹೇಳಿ, ಕೊನೆಯವರೆಗೂ ಅದೇ ಕಾರಣದ ಮೇಲೆ ನಿಲ್ಲಿ. ದಿನಕ್ಕೊಂದು ಕಾರಣ ಕೊಟ್ಟರೆ ನಿಜವಾದ ಕಾರಣವನ್ನೂ ಯಾರೂ ನಂಬುವುದಿಲ್ಲ.

ದುಡ್ಡಿನ ಮಾತು ಇಷ್ಟೇ. ಪ್ರಾಕ್ಟರ್ ಬೇಸತ್ತು ಫೆಬ್ರವರಿಯಲ್ಲಿ ತಮ್ಮ ಕೊಡುಗೆ ವಾಪಸು ಪಡೆದರು. ಏಪ್ರಿಲ್‌ನಲ್ಲಿ ವಿಲ್ಸನ್ ಪಿಟ್ಸ್‌ಬರ್ಗಿನ ಹಳೆ ವಿದ್ಯಾರ್ಥಿಗಳ ಮುಂದೆ ಸಿಟ್ಟಿನಲ್ಲಿ ಶ್ರೀಮಂತರನ್ನೂ ಚರ್ಚುಗಳನ್ನೂ ಸೇರಿಸಿ ಬೈದು, ಆಮೇಲೆ ಯಾಕಾದರೂ ಹೇಳಿದೆನೋ ಎಂದು ಪರಿತಪಿಸಿದರು. ಮೇ ತಿಂಗಳಲ್ಲಿ ಐಸಾಕ್ ವೈಮನ್ ಎಂಬ ವೃದ್ಧ ಹಳೆ ವಿದ್ಯಾರ್ಥಿ ತೀರಿಕೊಂಡು ತಮ್ಮ ಆಸ್ತಿಯನ್ನೆಲ್ಲ ಸ್ನಾತಕೋತ್ತರ ಕಾಲೇಜಿಗೆ ಬರೆದಿಟ್ಟಿದ್ದರೆಂಬ ಸುದ್ದಿ ಬಂತು. ಉಯಿಲಿನ ಜವಾಬ್ದಾರಿ ಹೊತ್ತವರಲ್ಲಿ ವೆಸ್ಟ್ ಒಬ್ಬರು. 20 ಲಕ್ಷ ಡಾಲರಿಗೂ ಮೀರಿದ ಆಸ್ತಿ ಎಂದು ಗುಲ್ಲಾಯಿತು. ಬದುಕಿದ್ದವರನ್ನು ಸೋಲಿಸಿದೆವು, ಸತ್ತವರೊಡನೆ ಹೋರಾಡಲಾಗದು ಎಂದು ವಿಲ್ಸನ್ ಹೆಂಡತಿಗೆ ಹೇಳಿದರಂತೆ. ಸೋಲೊಪ್ಪಿದರು. ಕೈಗೆ ಬಂದ ಹಣ ಆಮೇಲೆ ನೋಡಿದರೆ ಅದಕ್ಕಿಂತ ಎಷ್ಟೋ ಕಡಿಮೆ. ದಾನಿಗಳೊಡನೆ ಜಾಗ, ಹೆಸರು, ಷರತ್ತು ಏನೇ ಇರಲಿ, ಬ್ಯಾನರು ಕಟ್ಟುವ ಮುಂಚೆಯೇ ಕಾಗದದಲ್ಲಿ ಬರೆಸಿಕೊಳ್ಳಿ. ಅಂದಾಜಿನ ಮೊತ್ತ ನೋಡಿ ತೀರ್ಮಾನ ಮಾಡಬೇಡಿ, ಬ್ಯಾಂಕಿಗೆ ಬಂದದ್ದು ನೋಡಿ ಮಾಡಿ.

ಒಂದು ಮಾತನ್ನು ಹೇಳದೆ ಬಿಡಲಾರೆ. ಊಟದ ಮನೆಯಲ್ಲಿ ಸಮಾನತೆ ಬೇಕೆಂದ ಇದೇ ವಿಲ್ಸನ್, ಕಪ್ಪು ಜನರಿಗೆ ಪ್ರಿನ್ಸ್‌ಟನ್ನಿನ ಬಾಗಿಲು ಹಾಕಿಯೇ ಇಟ್ಟರು. 1909ರಲ್ಲಿ ಸೇರಬಯಸಿ ಪತ್ರ ಬರೆದ ಕಪ್ಪು ವಿದ್ಯಾರ್ಥಿಯೊಬ್ಬನಿಗೆ, ನೀನಿಲ್ಲಿಗೆ ಬರುವುದು ಸೂಕ್ತವಲ್ಲ ಎಂದು ಉತ್ತರ ಹೋಯಿತು. ಅಷ್ಟರಲ್ಲಾಗಲೇ ಹಾರ್ವರ್ಡ್ ಕಪ್ಪು ವಿದ್ವಾಂಸ ಡಬ್ಲ್ಯೂ. ಇ. ಬಿ. ಡುಬಾಯ್ಸ್ ಅವರಿಗೆ ಪಿಎಚ್‌.ಡಿ. ಕೊಟ್ಟು ಹದಿನಾಲ್ಕು ವರ್ಷವಾಗಿತ್ತು. ಕಾಲವೇ ಹಾಗಿತ್ತು ಎಂಬ ಸಮಜಾಯಿಷಿ ನನಗೆ ಒಪ್ಪಿಗೆಯಿಲ್ಲ. ದೇಶದ ಅಧ್ಯಕ್ಷರಾದ ಮೇಲೆ ಅವರ ಆಡಳಿತ ಸರ್ಕಾರಿ ಕಚೇರಿಗಳಲ್ಲೂ ಕಪ್ಪು ನೌಕರರನ್ನು ಬೇರೆ ಕೂರಿಸಿತು. ಹೇಳುವುದು ಆಚಾರ, ಮಾಡುವುದು ಅನಾಚಾರ. 2020ರ ಜೂನ್‌ನಲ್ಲಿ ಪ್ರಿನ್ಸ್‌ಟನ್ ತನ್ನ ಸಾರ್ವಜನಿಕ ನೀತಿ ಶಾಲೆಯಿಂದ ಅವರ ಹೆಸರನ್ನು ತೆಗೆಯಿತು. ನಿಮ್ಮ ಸಂಸ್ಥೆಯಲ್ಲಿ ಹಾಸ್ಟೆಲಿನ ಪಂಕ್ತಿಯಲ್ಲಿ, ಸ್ಟಾಫ್‌ರೂಮಿನ ಟಿಫಿನ್ ಮೇಜಿನಲ್ಲಿ, ಪಿಎಚ್‌.ಡಿ. ಗೈಡ್ ಹಂಚುವಾಗ ಯಾರು ಹೊರಗುಳಿಯುತ್ತಿದ್ದಾರೆಂದು ಕಣ್ಣು ತೆರೆದು ನೋಡಿ. ಪಾಠದಲ್ಲಿ ಸಂವಿಧಾನದ ಪ್ರಸ್ತಾವನೆ ಓದಿಸಿ, ಬಾಗಿಲಲ್ಲಿ ಜಾತಿ ಕೇಳುವ ಸಂಸ್ಥೆಯ ಮುಖ್ಯಸ್ಥರು ನೀವಾಗಬೇಡಿ.

ಹುಡುಗರನ್ನು ಒಟ್ಟಿಗೆ ಕೂರಿಸುವ ಕೆಲಸವನ್ನು ಬೇರೆ ರೀತಿಯಲ್ಲಿ ಮಾಡಿದ ಇನ್ನೊಬ್ಬ ರಾಜ್ಯಶಾಸ್ತ್ರದ ಮೇಷ್ಟರೂ ಇದ್ದರು. ಲಾರೆನ್ಸ್ ಲೋವೆಲ್. ವಿಲ್ಸನ್ ಅವರಿಗಿಂತ ಹದಿನೈದೇ ದಿನ ದೊಡ್ಡವರು, 1856ರ ಡಿಸೆಂಬರ್ 13ರಂದು ಹುಟ್ಟಿದವರು. ಅವರೂ ವಕೀಲಿಕೆ ಬಿಟ್ಟು ಪಾಠಕ್ಕೆ ಬಂದವರು, ಇಂಗ್ಲೆಂಡಿನ ಸರ್ಕಾರದ ಮೇಲೆ ದೊಡ್ಡ ಗ್ರಂಥ ಬರೆದವರು. ಹಾರ್ವರ್ಡ್‌ಗೆ 1909ರಲ್ಲಿ ಅಧ್ಯಕ್ಷರಾಗಿ 1933ರವರೆಗೆ ಇದ್ದರು. ಅಲ್ಲೂ ಶ್ರೀಮಂತ ಹುಡುಗರ ಕ್ಲಬ್ಬುಗಳಿದ್ದವು. ಲೋವೆಲ್ ಅವುಗಳ ಮೇಲೆ ಯುದ್ಧ ಸಾರಲಿಲ್ಲ. 1914ರಲ್ಲಿ ಹೊಸಬರಿಗಾಗಿ ವಸತಿಗೃಹಗಳನ್ನು ತೆರೆದು, ಬೇರೆ ಬೇರೆ ಮನೆತನದ ಹುಡುಗರು ಮೊದಲ ವರ್ಷ ಒಟ್ಟಿಗೆ ಉಣ್ಣುವಂತೆ ಮಾಡಿದರು. ಸುಮ್ಮನೆ ಕಾದರು. ಎಡ್ವರ್ಡ್ ಹಾರ್ಕ್‌ನೆಸ್ ಎಂಬ ದಾನಿ ತಾವು ಓದಿದ ಯೇಲ್ ವಿಶ್ವವಿದ್ಯಾಲಯಕ್ಕೆ ಇಂಥದ್ದೇ ಯೋಜನೆಗೆ ಹಣ ಕೊಡಲು ಹೋಗಿ, ಅಲ್ಲಿಯವರು ಮೀನಮೇಷ ಎಣಿಸಿದಾಗ, ಹಾರ್ವರ್ಡ್‌ಗೆ ಬಂದರು. ಲೋವೆಲ್ ಆ ಕ್ಷಣವೇ ಒಪ್ಪಿದರು. 1930ರಲ್ಲಿ ಮೊದಲ ವಸತಿಗೃಹಗಳು ತೆರೆದವು. ವಿಲ್ಸನ್ ಅವಸರದಲ್ಲಿ ಮಾಡಹೊರಟದ್ದನ್ನು ಲೋವೆಲ್ ಇಪ್ಪತ್ತೊಂದು ವರ್ಷ ತೆಗೆದುಕೊಂಡು ಮಾಡಿದರು. ತಾಳಿದವನು ಬಾಳಿಯಾನು. ಹಾಗೆಂದು ಅವರನ್ನು ಪೂಜಿಸಲೂ ಬೇಡಿ. ಹೊಸಬರ ಆ ವಸತಿಗೃಹಗಳಿಗೆ ಕಪ್ಪು ವಿದ್ಯಾರ್ಥಿಗಳು ಬರಕೂಡದೆಂದವರು ಅವರು, ಯಹೂದಿ ವಿದ್ಯಾರ್ಥಿಗಳ ಸಂಖ್ಯೆಗೆ ಮಿತಿ ಹಾಕಲು ಹೊರಟವರೂ ಅವರೇ. ಪ್ರಿನ್ಸ್‌ಟನ್ನಿನಲ್ಲಿ ಹೊಸಬರಿಗೆಲ್ಲ ವಸತಿ ಕಾಲೇಜುಗಳ ಪದ್ಧತಿ ಬಂದದ್ದು 1982ರಲ್ಲಿ. ಊಟದ ಕ್ಲಬ್ಬುಗಳು ಇನ್ನೂ ಅದೇ ಬೀದಿಯಲ್ಲಿವೆ.

ವಿಲ್ಸನ್ 1910ರ ಅಕ್ಟೋಬರ್‌ನಲ್ಲಿ ರಾಜೀನಾಮೆ ಕೊಟ್ಟರು. ನವೆಂಬರ್‌ನಲ್ಲಿ ನ್ಯೂಜೆರ್ಸಿಯ ಗವರ್ನರ್ ಆಗಿ ಆಯ್ಕೆಯಾದರು, ಎರಡೇ ವರ್ಷದಲ್ಲಿ ದೇಶದ ಅಧ್ಯಕ್ಷ. 1919ರಲ್ಲಿ ರಾಷ್ಟ್ರಸಂಘದ ಒಪ್ಪಂದ ಸೆನೆಟ್ಟಿನ ಮುಂದೆ ಬಂದಾಗ ಮತ್ತೆ ಅದೇ ಹಟ. ಅಲ್ಪಸ್ವಲ್ಪ ತಿದ್ದುಪಡಿಗೂ ಬಗ್ಗಲಿಲ್ಲ. ಜನರನ್ನು ಒಪ್ಪಿಸುತ್ತೇನೆಂದು ರೈಲಿನಲ್ಲಿ ದೇಶ ಸುತ್ತಿ ಕುಸಿದುಬಿದ್ದರು, ಅಕ್ಟೋಬರ್‌ನಲ್ಲಿ ಪಾರ್ಶ್ವವಾಯು ಹೊಡೆಯಿತು, ಒಪ್ಪಂದ ಸೆನೆಟ್ಟಿನಲ್ಲಿ ಬಿದ್ದುಹೋಯಿತು. ಅವರು ಕಟ್ಟಬಯಸಿದ ಸಂಘಕ್ಕೆ ಅವರ ದೇಶವೇ ಸೇರಲಿಲ್ಲ. ಅಮೆರಿಕದ ಚರಿತ್ರೆ ಪಾಠ ಮಾಡುವಾಗ ಇದನ್ನು ಪ್ರಿನ್ಸ್‌ಟನ್ನಿನ ಜೊತೆಗಿಟ್ಟು ಹೇಳಿ, ಮಕ್ಕಳಿಗೆ ಚೆನ್ನಾಗಿ ಅರ್ಥವಾಗುತ್ತದೆ.

ಅವರು ಪ್ರಿನ್ಸ್‌ಟನ್ನಿನಲ್ಲಿ ಬಿಟ್ಟುಹೋದ ಕುರ್ಚಿಗೆ 1912ರಲ್ಲಿ ಬಂದವರು ಹಿಬ್ಬನ್. ಹಳೆಯ ಎರಡು ಬಣಗಳನ್ನೂ ಒಂದೇ ಮೇಜಿಗೆ ಕೂರಿಸಿ ಇಪ್ಪತ್ತು ವರ್ಷ ನಡೆಸಿದರು. ನಿಮ್ಮ ನಂತರವೂ ಯಾರಾದರೂ ಬರುತ್ತಾರೆ, ನಿಮಗಾಗದವರೇ ಬರಬಹುದು. ಅವರಿಗೆಂದು ಈಗಿನಿಂದಲೇ ಒಂದು ಫೈಲು ಇಡಿ. ಯಾವ ಕೋರ್ಟು ಕೇಸು ಎಲ್ಲಿಗೆ ಬಂದಿದೆ, ಯಾವ ದಾನಿಗೆ ಏನು ಮಾತು ಕೊಟ್ಟಿದ್ದೀರಿ, ಯಾವ ಅನುದಾನದ ಬಳಕೆ ಪ್ರಮಾಣಪತ್ರ ಹೋಗಬೇಕು, ಎಲ್ಲ ಬರೆದಿಡಿ. ಬೀರುವಿನ ಕೀಲಿಗೆ ಚೀಟಿ ಕಟ್ಟಿ. ಹೋದ ಮೇಲೆ ಮನೆಯಿಂದ ಫೋನ್ ಮಾಡಿ ಗುಮಾಸ್ತರನ್ನು ವಿಚಾರಿಸಬೇಡಿ, ಹೊಸಬರು ತಾವಾಗಿ ಕೇಳಿದರೆ ಮಾತ್ರ ಹೇಳಿ. ಬೀಳ್ಕೊಡುಗೆಯ ದಿನ ಬೆಳಗ್ಗೆ ಬೇಗ ಕಚೇರಿಗೆ ಬಂದು ಅತಿಥಿ ಉಪನ್ಯಾಸಕರ ಬಾಕಿ ಗೌರವಧನದ ಬಿಲ್ಲುಗಳನ್ನು ತರಿಸಿ, ಒಂದೊಂದನ್ನೂ ಓದಿ ಸಹಿ ಹಾಕಿ ಖಜಾನೆಗೆ ಕಳಿಸಿ. ಹಾರ, ಶಾಲು, ಭಾಷಣ ಎಲ್ಲ ಅದಾದ ಮೇಲೆ.